ಸೈಫೈ ಲೋಕಕ್ಕೊಂದು ಕ್ಯಾಲೆಂಡರ್ ಕಟ್ಟೋದು ಹೆಂಗ: ಲೆಕ್ಕದಿಂದ ಹಬ್ಬದ ತನಕ ಸಮಗ್ರ ಮಾರ್ಗದರ್ಶಿ

ಕನ್ನಡದಾಗ ಸೈಫೈ, ಅಂದ್ರ ವಿಜ್ಞಾನದ ಕಲ್ಪನೆ ಕಥಿ, ಬರೆಯೋರು ಈಗ ಜಾಸ್ತಿ ಆಗ್ಯಾರ, ಖುಷಿ ವಿಷಯ. ಗ್ರಹ ಕಟ್ತಾರ, ಹಡಗು ಕಟ್ತಾರ, ಭಾಷೆ ಸಹ ಕಟ್ತಾರ, ಆದ್ರ ಕ್ಯಾಲೆಂಡರ್ ಅಂತ ಬಂದ್ರ ಹನ್ನೆರಡು ತಿಂಗಳು, ಮೂವತ್ತು ದಿನ, ತಿಂಗಳಿಗೆ ಒಂದೊಂದು ವಿಚಿತ್ರ ಹೆಸರು, ಮುಗೀತು. ಅಲ್ಲೇ ಆ ಲೋಕ ಸಪ್ಪಗೆ ಆಗೋದು. ಯಾಕಂದ್ರ ಆಕಾಶದ ಲೆಕ್ಕ ಯಾವತ್ತೂ ಜನರ ಕೆಲಸದ ಲೆಕ್ಕಕ್ಕ ಸರಿಯಾಗಿ ಕೂಡೋದಿಲ್ಲ, ಆ ಕೂಡದೇ ಉಳಿದ ಚೂರುಪಾರಿನಿಂದಲೇ ಹಬ್ಬ ಹುಟ್ಟತಾವ, ಜಗಳ ಹುಟ್ಟತಾವ, ಅಧಿಕಾರ ಯಾರ ಕೈಯಾಗ ಐತಿ ಅನ್ನೋದೂ ಅಲ್ಲೇ ಗೊತ್ತಾಗತೈತಿ. ಈ ಗೈಡ್‌ನ್ಯಾಗ ಒಂದು ಲೋಕನ ಶುರುವಿನಿಂದ ಕೊನೆ ತನಕ ಒಟ್ಟಿಗೆ ಕಟ್ಟೋಣ. ಹೆಸರು ಎರೆ ಅಂತ ಇಡ್ತೀನಿ, ನಮ್ ಎರಿ ಹೊಲದ ನೆನಪಿಗೆ. ಗಣಿ ಕೆಲಸಕ್ಕಂತ ಭೂಮಿಯಿಂದ ಹೋಗಿ, ಅಲ್ಲೇ ಕಾಲುವೆ ತೋಡಿ, ಭತ್ತ ಹಚ್ಚಿ, ತಲೆಮಾರುಗಟ್ಟಲೆ ಉಳಕೊಂಡ ಜನ ಅಂತ ಇಟ್ಕೊಳ್ರಿ. ಒಂದು ನೋಟ್‌ಬುಕ್, ಮೊಬೈಲ್ ಕ್ಯಾಲ್ಕುಲೇಟರ್ ಇದ್ರ ಸಾಕು.

ಮೊದಲು ನಮ್ಮೂರಿನ ಕ್ಯಾಲೆಂಡರ್ ಬಿಚ್ಚಿ ನೋಡ್ರಿ

ಬ್ಯಾರೆ ಗ್ರಹಕ್ಕ ಹೋಗೋ ಮುಂಚೆ ಇದನ್ನ ಮಾಡ್ರಿ, ಯಾಕಂದ್ರ ನಮ್ ಕಡೆ ಒಂದೇ ಊರಾಗ ಮೂರು ತರದ ಕ್ಯಾಲೆಂಡರ್ ದಿನಾ ಓಡ್ತಿರತಾವ. ಮುದಗಲ್ ಮೊಹರಂ ತಗೊಳ್ರಿ. ಅದು ಪೂರ್ತಿ ಚಂದ್ರನ ಲೆಕ್ಕ, ಹನ್ನೆರಡು ಚಾಂದ್ರಮಾಸ ಅಂದ್ರ 354 ದಿನ ಚಿಲ್ಲರೆ, ಹಂಗಾಗಿ ವರ್ಷಕ್ಕ ಹತ್ತಹತ್ರ 11 ದಿನ ಹಿಂದಕ್ಕ ಸರೀತಾ ಸರೀತಾ ಸುಮಾರು 33 ವರ್ಷಕ್ಕ ಬ್ಯಾಸಿಗಿ, ಮಳಿಗಾಲ, ಚಳಿಗಾಲ ಎಲ್ಲಾ ಸುತ್ತಿ ಬರ್ತೈತಿ. ಅಲಾಯಿ ಕುಣಿಯೋರು ಒಂದು ಕಾಲಕ್ಕ ಬಿಸಿಲಾಗ, ಇನ್ನೊಂದು ಕಾಲಕ್ಕ ಜಿಟಿಜಿಟಿ ಮಳ್ಯಾಗ. ಯುಗಾದಿ ಹಂಗಲ್ಲ, ಅದೂ ಚಂದ್ರನ್ನ ಹಿಡಿತೈತಿ ಆದ್ರ ಮಧ್ಯದಾಗ ಅಧಿಕಮಾಸ ತುಂಬಿ ಮತ್ತ ಸೂರ್ಯನ ಸಾಲಿಗೆ ತಂದು ನಿಲ್ಲಿಸ್ತಾರ, 19 ವರ್ಷಕ್ಕ 235 ಚಾಂದ್ರಮಾಸ ಅಂತ ಲೆಕ್ಕ ಬಹಳ ಚಂದ ಕೂಡತೈತಿ. ಮೂರನೇದು ಸಂಕ್ರಾಂತಿ, ಅದು ಸೂರ್ಯನ್ನ ನಕ್ಷತ್ರಗಳ ಎದುರಿಗೆ ಇಟ್ಟು ನೋಡೋ ಲೆಕ್ಕ. ಆ ವರ್ಷ ಋತುಗಳ ವರ್ಷಕ್ಕಿಂತ 20 ನಿಮಿಷ ಉದ್ದ, ಹಂಗಾಗಿ ತಾರೀಕು ನಿಧಾನಕ್ಕ ಮುಂದ ಸರೀತೈತಿ. 1863ರಾಗ ವಿವೇಕಾನಂದರು ಹುಟ್ಟಿದ ದಿನ ಸಂಕ್ರಾಂತಿ ಇತ್ತು, ತಾರೀಕು ಜನವರಿ 12, ಈಗ ನೋಡಿದ್ರ 14 ಇಲ್ಲಾ 15.

ಇವು ಮೂರೂ ತಪ್ಪಲ್ಲ. ಮೂರು ಬ್ಯಾರೆ ಬ್ಯಾರೆ ಪ್ರಶ್ನೆಗೆ ಮೂರು ಉತ್ತರ. ನಿಮ್ ಲೋಕದ ಜನ ಯಾವ ಪ್ರಶ್ನೆ ಕೇಳ್ತಾರ ಅನ್ನೋದನ್ನ ಈಗಲೇ ಒಂದು ಸಾಲಿನ್ಯಾಗ ಬರದಿಟ್ಕೊಳ್ರಿ. ಎರೆ ಜನದ ಪ್ರಶ್ನೆ ಎರಡು: ಗಣಿಗೆ ಯಾರ ಪಾಳಿ ಯಾವಾಗ, ಮತ್ತ ಕಾಲುವೆಗೆ ನೀರು ಯಾವಾಗ.

ವರ್ಷದ ಉದ್ದ ಸೂರ್ಯನಿಂದ ತಗೀರಿ, ಮನಸ್ಸಿಗೆ ಬಂದಂಗ ಅಲ್ಲ

ಇಲ್ಲಿ ಬಹಳ ಮಂದಿ 500 ದಿನ ಅಂತ ಸುಮ್ನೆ ಬರದುಬಿಡ್ತಾರ. ಬ್ಯಾಡ್ರಿ. ನಿಮ್ ನಕ್ಷತ್ರದ ತೂಕ ಫಿಕ್ಸ್ ಮಾಡಿದ್ರ ವರ್ಷ ತಾನಾಗೇ ಬರ್ತೈತಿ. ಸೂರ್ಯನಂಥ ನಕ್ಷತ್ರಗಳ ಬೆಳಕು ಹತ್ತಹತ್ರ ತೂಕದ ನಾಕನೇ ಘಾತದಂಗ ಏರತೈತಿ. ಭೂಮಿಗೆ ಸಿಗೋವಷ್ಟೇ ಬಿಸಿಲು ಸಿಗಬೇಕಂದ್ರ ಗ್ರಹ ಎಷ್ಟು ದೂರ ಇರಬೇಕು ಅನ್ನೋದು ಆ ಬೆಳಕಿನ ವರ್ಗಮೂಲ, ಅಂದ್ರ ತೂಕದ ವರ್ಗ. ಆಮೇಲೆ ಕೆಪ್ಲರ್ ನಿಯಮ: ದೂರದ ಘನವನ್ನ ತೂಕದಿಂದ ಭಾಗಿಸಿ ವರ್ಗಮೂಲ ತಗದ್ರ ವರ್ಷ ಬಂತು.

ಎರೆಯ ನಕ್ಷತ್ರಕ್ಕ ಸೂರ್ಯನ 0.7 ಪಟ್ಟು ತೂಕ ಕೊಟ್ಟೀನಿ, ಸ್ವಲ್ಪ ಕಿತ್ತಳೆ ಬಣ್ಣದ್ದು. ದೂರ 0.49, ಅಂದ್ರ ಭೂಮಿ-ಸೂರ್ಯನ ದೂರದ ಅರ್ಧಕ್ಕಿಂತ ಒಂದೆಳಿ ಕಡಿಮಿ. 0.49ರ ಘನ 0.1176, ಅದನ್ನ 0.7ರಿಂದ ಭಾಗಿಸಿದ್ರ 0.168, ವರ್ಗಮೂಲ 0.40996, ಅಂದ್ರ ನಮ್ಮ ವರ್ಷದ ಹತ್ತಹತ್ರ 0.41 ಪಟ್ಟು. ಅಂದ್ರ ಎರೆಯ ಒಂದು ವರ್ಷ ನಮ್ಮ 149.7 ದಿನ. ತೂಕ 0.8 ಇಟ್ರ 209 ದಿನ, 0.9 ಇಟ್ರ 281, 1.1 ಇಟ್ರ 463. ಬೇಕಾದ್ದು ಆರಿಸ್ಕೊಳ್ರಿ. ಬಹಳ ಸಣ್ಣ ಕೆಂಪು ನಕ್ಷತ್ರ ತಗೊಂಡ್ರ ಗ್ರಹದ ಒಂದೇ ಮುಖ ಯಾವಾಗಲೂ ನಕ್ಷತ್ರದ ಕಡೆ ಇರೋ ಸಾಧ್ಯತೆ ಜಾಸ್ತಿ, ಅಲ್ಲಿ ಹಗಲು-ರಾತ್ರಿನೇ ಇರಂಗಿಲ್ಲ, ಅದಕ್ಕ ಈ ಗೈಡ್ ಸಾಕಾಗೋದಿಲ್ಲ.

ಕಕ್ಷೆ ಸ್ವಲ್ಪ ಉದ್ದುದ್ದ ಇದ್ರ ಋತುಗಳು ಸಮ ಇರೋದಿಲ್ಲ ಅನ್ನೋದೂ ನೆನಪಿರಲಿ. ಮಂಗಳ ಗ್ರಹದ ವರ್ಷ ಅದರ ಸ್ವಂತ ದಿನಗಳಾಗ 668.6, ಅದರಾಗ ಉತ್ತರದ ವಸಂತ 194 ದಿನ ಹತ್ರ, ಶರತ್ಕಾಲ ಮಾತ್ರ 142. ಎರೆಗೆ ನಾನು ಹತ್ತಹತ್ರ ದುಂಡು ಕಕ್ಷೆ ಇಟ್ಟೀನಿ, ಮುಂದಿನ ಲೆಕ್ಕ ಹಗುರ ಆಗಲಿ ಅಂತ.

ದಿನ: ಇಲ್ಲೇ ಲೋಕಕ್ಕ ಜೀವ ಬರೋದು

ದಿನದ ಉದ್ದ ನಿಮ್ ಇಷ್ಟ, ಇದಕ್ಕ ಸೂತ್ರ ಇಲ್ಲ. ಎರೆಗೆ 31 ತಾಸು. ಈಗ 149.7ನ್ನ ಚಿಲ್ಲರೆ ಸಮೇತ, ಅಂದ್ರ 149.738 ದಿನವನ್ನ ತಾಸು ಮಾಡಿ 31ರಿಂದ ಭಾಗಿಸಿದ್ರ ವರ್ಷಕ್ಕ 115.926 ಎರೆ-ದಿನ. ಈ ಸಂಖ್ಯೆನ ನೋಟ್‌ಬುಕ್ಕಿನ್ಯಾಗ ದೊಡ್ಡದಾಗಿ ಬರೀರಿ, ಕೊನೆ ತನಕ ಇದೇ ಬೇಕು.

ಈಗ ಮನುಷ್ಯರನ್ನ ತರ್ರಿ. ನಮ್ ಮೈಯ ಗಡಿಯಾರ 24 ತಾಸಿಗೆ ಹತ್ರ ಓಡತೈತಿ, 31 ತಾಸಿನ ಹಗಲು-ರಾತ್ರಿಗೆ ಅದು ಒಗ್ಗೋದಿಲ್ಲ. ಹಟ್ಟಿ ಚಿನ್ನದ ಗಣಿ ಇರಲಿ, ತೋರಣಗಲ್ಲಿನ ಉಕ್ಕಿನ ಕಾರ್ಖಾನೆ ಇರಲಿ, ಮೂರು ಶಿಫ್ಟಿನ ಬದುಕು ಹೆಂಗಿರತೈತಿ ಅನ್ನೋದು ನಮ್ ಕಡೆ ಮನಿಮನಿಗೆ ಗೊತ್ತು: ಒಂದು ವಾರ ಅಪ್ಪ ಹಗಲೆಲ್ಲಾ ಮಲಗಿರ್ತಾನ, ಮಕ್ಕಳು ಗದ್ದಲ ಮಾಡಂಗಿಲ್ಲ, ಮದುವಿ ಕಾರ್ಡ್ ಬಂದ್ರೂ ಮೊದಲು ಡ್ಯೂಟಿ ಚಾರ್ಟ್ ನೋಡಬೇಕು. ಆ ಮನಿಗೆ ಶಿಫ್ಟ್‌ ಚಾರ್ಟೇ ಪಂಚಾಂಗ. ಎರೆಯಾಗ 31 ತಾಸನ್ನ ನಾಕು ಪಾಳಿ ಮಾಡ್ರಿ, ಒಂದೊಂದು 7 ತಾಸು 45 ನಿಮಿಷ. ಒಂದು ಪಾಳಿ ದುಡಿಮಿ, ಒಂದು ಪಾಳಿ ಮನಿ, ಒಂದು ಪಾಳಿ ನಿದ್ದಿ ಅಂದ್ರ ಮೂರು ಪಾಳಿ, ಕೂಡಿಸಿದ್ರ 23 ತಾಸು 15 ನಿಮಿಷ, ಮೈಗೆ ತಡಕೊಳ್ಳೋವಷ್ಟು 24ಕ್ಕ ಹತ್ರ ಐತಿ.

ಇಲ್ಲಿ ಗಮನಿಸ್ರಿ, ಮೈಯ ದಿನ ಮೂರು ಪಾಳಿ, ಸೂರ್ಯನ ದಿನ ನಾಕು ಪಾಳಿ. ಹಂಗಾದ್ರ 12 ಪಾಳಿಗೆ ಎರಡೂ ಕೂಡತಾವ: ಮೂರು ಸೂರ್ಯದಿನ, ನಾಕು ನಿದ್ದಿ. ಎರೆಯ ವಾರ ತಾನಾಗೇ ಹುಟ್ಟಿತು ನೋಡ್ರಿ, ಅದಕ್ಕ ನಾಕ್‌ನಿದ್ದಿ ಅಂತ ಹೆಸರು ಕೊಟ್ಟೀನಿ. ಒಂದು ನಾಕ್‌ನಿದ್ಯಾಗ ಒಬ್ಬ ಮನುಷ್ಯ ಒಮ್ಮೆ ಬೆಳಿಗ್ಗೆ ಏಳ್ತಾನ, ಒಮ್ಮೆ ನಡುರಾತ್ರಿ ಏಳ್ತಾನ, ಒಮ್ಮೆ ಸಂಜಿಮುಂದ, ಒಮ್ಮೆ ಮಟಮಟ ಮಧ್ಯಾಹ್ನ, ಆಮೇಲೆ ಮತ್ತ ಬೆಳಿಗ್ಗೆ. ಹಿಂಗಾಗಿ ಎರೆ ಜನಕ್ಕ "ಬೆಳಿಗ್ಗೆ ಎದ್ದು" ಅನ್ನೋ ಮಾತೇ ವಾರಕ್ಕೊಮ್ಮೆ ಬರೋ ಭಾಗ್ಯ. ಬೆಳಿಗ್ಗೆ ನಿದ್ದಿಯಿಂದ ಏಳೋ ದಿನಕ್ಕ ಅವರು ಬಾಗಲಿಗೆ ರಂಗೋಲಿ ಹಾಕ್ತಾರ ಅಂತ ಬರದ್ರ ಓದೋರಿಗೆ ವಿವರಣೆನೇ ಬೇಕಾಗಿಲ್ಲ.

ಇನ್ನೊಂದು ಚಿಕ್ಕ ನಿರ್ಧಾರ: ದಿನ ಎಲ್ಲಿಂದ ಶುರು? ನಮ್ ಪಂಚಾಂಗಕ್ಕ ಸೂರ್ಯೋದಯ, ಮೊಹರಂ ಲೆಕ್ಕಕ್ಕ ಸಂಜಿ, ಮೊಬೈಲಿಗೆ ನಡುರಾತ್ರಿ. ಎರೆಯಾಗ ಪಾಳಿ ಬದಲಾಗೋ ಗಂಟಿ ಹೊಡಿಯೋದ್ರಿಂದ ಶುರು, ಸೂರ್ಯ ಎಲ್ಲಿದ್ರೂ ಚಿಂತಿ ಇಲ್ಲ.

ಚಂದ್ರ ಬೇಕಾ ಬ್ಯಾಡಾ

ಚಂದ್ರ ಇಲ್ಲದ ಲೋಕದಾಗ ತಿಂಗಳು ಅನ್ನೋದು ಬರೀ ಆಫೀಸಿನ ಅನುಕೂಲ. ಇದ್ರ ಮಾತ್ರ ಅದು ಜನರ ಸ್ವತ್ತು, ಓದು ಬರದವರೂ ತಲಿ ಎತ್ತಿ ದಿನ ಹೇಳಬಹುದು. ಎರೆಗೆ ಒಂದೇ ಚಂದ್ರ ಸಾಕು, ಹೆಸರು ಕಂದೀಲು. ಎರಡು ಮೂರು ಚಂದ್ರ ಹಾಕೋ ಆಸೆ ಎಲ್ಲಾರಿಗೂ ಬರ್ತೈತಿ, ಆದ್ರ ಮೊದಲ ಸಲ ಒಂದನ್ನೇ ಪೂರ್ತಿ ದುಡಿಸ್ಕೊಳ್ರಿ. ಒಂದು ಷರತ್ತು ಐತಿ: ಚಂದ್ರ ಗ್ರಹ ಸುತ್ತೋ ಕಾಲ ವರ್ಷದ ಐದನೇ ಒಂದು ಭಾಗ ದಾಟಬಾರದು, ದಾಟಿದ್ರ ನಕ್ಷತ್ರ ಅದನ್ನ ಎಳಕೊಂಡು ಹೋಗತೈತಿ.

ಕಂದೀಲಿನ ಹುಣ್ಣಿವಿಯಿಂದ ಹುಣ್ಣಿವಿಗೆ 18.4 ಎರೆ-ದಿನ ಇಟ್ಟೀನಿ. 0.4 ದಿನದ ತಿಂಗಳು ಯಾರಿಗೂ ಮಾಡಾಕ ಬರೋದಿಲ್ಲ, ಹಂಗಾಗಿ 18, 18, 19, 18, 19 ಅಂತ ಐದು ತಿಂಗಳ ಸರಣಿ. ಕೂಡಿಸಿ ನೋಡ್ರಿ, 92, ಅಂದ್ರ ಸರಿಯಾಗಿ ಐದು ಸಲ 18.4. ಮತ್ತ 18 ದಿನದ ತಿಂಗಳಿಗೆ ಆರು ನಾಕ್‌ನಿದ್ದಿ ಸರಿಯಾಗಿ ಕುಂದ್ರತಾವ. 19ನೇ ದಿನ ಬಂದಾಗ? ಅದು ಯಾವ ವಾರಕ್ಕೂ ಸೇರೋದಿಲ್ಲ. ನಾಕು ಪಾಳಿ ಉಳೀತಾವ, ಮೈಗೆ ಬೇಕಾದ್ದು ಮೂರು, ಒಂದು ಪಾಳಿ ಹೆಚ್ಚಿಗಿ. ಆ ಹೆಚ್ಚಿನ ಪಾಳಿನ್ಯಾಗ ಊರಿಗೂರೇ ಎಚ್ಚರ ಇರತೈತಿ, ಎಲ್ಲಾ ಪಾಳಿಯವರೂ ಒಟ್ಟಿಗೆ. ಉಳಿದ ದಿನ ಅಣ್ಣ ಮಲಗಿದಾಗ ತಮ್ಮ ಗಣ್ಯಾಗ, ತಮ್ಮ ಬಂದಾಗ ಅಣ್ಣ ಹೊರಗ, ಈ ಒಂದು ಪಾಳಿ ಮಾತ್ರ ಇಡೀ ಮನಿ ಒಂದೇ ಪಂಕ್ತ್ಯಾಗ ಕುಂತು ಉಣ್ಣತೈತಿ. ಹಬ್ಬ ಬೇಕಂತ ನೀವು ದೇವರನ್ನ ಹುಡುಕಬೇಕಾಗಿಲ್ಲ, ಲೆಕ್ಕದಾಗ ಉಳಿದ ದಿನ ಎಲ್ಲಿ ಐತಿ ನೋಡ್ರಿ, ಹಬ್ಬ ಅಲ್ಲೇ ಇರತೈತಿ. ಎರೆಯಾಗ ಇದರ ಹೆಸರು ಕೂಡಪಾಳಿ.

ವರ್ಷಕ್ಕ ತಿಂಗಳು ಹೊಂದಿಸೋದು

115.926ನ್ನ 18.4ರಿಂದ ಭಾಗಿಸಿದ್ರ 6.3. ಆರೇ ತಿಂಗಳು ಇಟ್ರ 110.4 ದಿನ, ವರ್ಷಕ್ಕ ಐದೂವರಿ ದಿನ ಕೊರತಿ, 21 ವರ್ಷಕ್ಕ ಹಬ್ಬ ಎಲ್ಲಾ ಋತು ಸುತ್ತಿ ಬರ್ತೈತಿ, ಮೊಹರಂ ದಾರಿ. ಯುಗಾದಿ ದಾರಿ ಬೇಕಂದ್ರ ಹತ್ತು ವರ್ಷ ತಗೊಳ್ರಿ: 1159.26 ದಿನ. 63 ತಿಂಗಳು ಅಂದ್ರ 1159.2. ಬರೀ 0.06 ದಿನ ಫರಕು! ಹತ್ತು ವರ್ಷದಾಗ ಏಳು ವರ್ಷ ಆರು ತಿಂಗಳವು, ಮೂರು ವರ್ಷ ಏಳು ತಿಂಗಳವು. 0.3 ಕೂಡಿಸ್ತಾ ಹೋದ್ರ ಒಂದು ತಿಂಗಳು ತುಂಬೋದು 4ನೇ, 7ನೇ, 10ನೇ ವರ್ಷಕ್ಕ, ಅಲ್ಲಿ ಅಧಿಕಮಾಸ. ಈ ಹತ್ತು ವರ್ಷದ ಸುತ್ತಿಗೆ ಒಂದು ಗಂಟು ಅಂತಾರ ಎರೆ ಜನ. ನಿಮ್ ಸಂಖ್ಯೆಗಳು ಇಷ್ಟು ಚಂದ ಕೂಡದಿದ್ರ ಚಂದ್ರನ ಅವಧಿನ 0.1 ಆಚೀಚೆ ಮಾಡಿ ನೋಡ್ರಿ, 7, 10, 19, 30 ವರ್ಷದ ಸುತ್ತು ಹುಡುಕ್ರಿ, ಎಲ್ಲೋ ಒಂದು ಕಡೆ ಸಿಗತೈತಿ. ಪೂರ್ತಿ ಸೊನ್ನಿ ಫರಕು ಮಾತ್ರ ಮಾಡಬ್ಯಾಡ್ರಿ, ನಿಜವಾದ ಆಕಾಶ ಅಷ್ಟು ನೀಟಾಗಿ ಇರೋದಿಲ್ಲ.

ಎರಡನೇ ಕ್ಯಾಲೆಂಡರ್, ಆಫೀಸಿಂದು

ಗಣಿ ಕಂಪನಿಗೆ ಚಂದ್ರ ಬ್ಯಾಡ. ಅವರು ವರ್ಷಕ್ಕ 116 ದಿನ ಹಿಡೀತಾರ. ನಿಜವಾದ ವರ್ಷ 115.926, ಅಂದ್ರ ಇಲ್ಲಿ ಅಧಿಕ ದಿನ ಸೇರಿಸೋದಲ್ಲ, ಒಂದು ದಿನ ತಗದುಹಾಕೋದು. 14 ವರ್ಷಕ್ಕೊಮ್ಮೆ ಒಂದು ದಿನ ತಗದ್ರ 389 ವರ್ಷಕ್ಕ ಒಂದು ದಿನ ತಪ್ಪತೈತಿ. 27 ವರ್ಷಕ್ಕ ಎರಡು ದಿನ ತಗದ್ರ 13,500 ವರ್ಷಕ್ಕ ಒಂದೇ ದಿನ. ಎರಡನೇದು ಬಹಳ ಪಕ್ಕಾ, ಆದ್ರ ನಾನು ಕಂಪನಿಗೆ 14ರ ನಿಯಮನೇ ಕೊಟ್ಟೀನಿ, ಯಾಕಂದ್ರ ಆಫೀಸು ಯಾವಾಗಲೂ ನೆನಪಿಡಾಕ ಸುಲಭ ಇರೋದನ್ನೇ ಆರಿಸ್ತೈತಿ, ತಪ್ಪು ಮುಂದಿನ ತಲೆಮಾರಿನ ತಲಿಗೆ.

ವಾರದ ವಿಷಯದಾಗ ಒಂದು ಮಾತು. 1582ರಾಗ ಯುರೋಪಿನ್ಯಾಗ ಕ್ಯಾಲೆಂಡರ್ ತಿದ್ದಿ ಹತ್ತು ದಿನ ಹಾರಿಸಿದಾಗ ಅಕ್ಟೋಬರ್ 4 ಗುರುವಾರ, ಮರುದಿನ ಅಕ್ಟೋಬರ್ 15 ಶುಕ್ರವಾರ. ತಾರೀಕು ಹಾರಿತು, ವಾರ ಮುರೀಲಿಲ್ಲ. ಎರೆ ಕಂಪನಿನೂ ಹಂಗೇ, ನಾಕ್‌ನಿದ್ದಿ ಸರಪಳಿ ಎಲ್ಲೂ ಮುರಿಯದಂಗ ಓಡಿಸ್ತಾರ. ಊರಿನವರು 19ನೇ ದಿನನ ವಾರದ ಹೊರಗ ಇಡ್ತಾರ. ಒಂದೇ ಕೂಡಪಾಳಿ ಆದ್ರ ಸಾಕು, ಊರಿನ ವಾರ ಒಂದು, ಕಂಪನಿ ವಾರ ಇನ್ನೊಂದು. ಕೂಡಪಾಳಿಗೆ ಕೂಲಿ ಕೊಡಬೇಕಾ ಬ್ಯಾಡಾ ಅನ್ನೋ ಒಂದೇ ಪ್ರಶ್ನೆ ಮ್ಯಾಲೆ ಇಡೀ ಮುಷ್ಕರದ ಕಥಿ ಬರೀಬಹುದು.

ಇದು ಕಲ್ಪನೆ ಅನಿಸಿದ್ರ ನಮ್ ತುಂಗಭದ್ರಾ ಹೊಳಿ ಎರಡೂ ದಂಡಿ ನೋಡ್ರಿ. ಬಳ್ಳಾರಿ 1800ರಾಗ ಈಸ್ಟ್ ಇಂಡಿಯಾ ಕಂಪನಿ ಸರ್ಕಾರದ ಕೈಗೆ ಹೋಗಿ ಮದ್ರಾಸಿಗೆ ಸೇರಿತು, ರಾಯಚೂರು ಕೊಪ್ಪಳ 1948ರ ತನಕ ಹೈದರಾಬಾದ್ ನಿಜಾಮರ ಕೆಳಗ. ಎರಡೂ ಕಡೆ ಕಂದಾಯದ ವರ್ಷಕ್ಕ ಫಸಲಿ ಅಂತಲೇ ಹೆಸರು. ಆ ಫಸಲಿ ಹುಟ್ಟಿದ್ದೇ ಅಕ್ಬರನ ಕಾಲಕ್ಕ, ಹಿಜರಿ ವರ್ಷ 11 ದಿನ ಹಿಂದ ಹಿಂದ ಸರದು ಫಸಲು ಕೈಗೆ ಬರೋ ಮುಂಚೆನೇ ತೆರಿಗಿ ಕೇಳೋ ಪರಿಸ್ಥಿತಿ ಬಂದಿದ್ದಕ್ಕ. ಆದ್ರ ಮದ್ರಾಸ್ ಕಡೆ ಫಸಲಿ ಜುಲೈ 1ಕ್ಕ ಶುರು, ಹೈದರಾಬಾದ್ ಕಡೆ ಅಕ್ಟೋಬರಿನ್ಯಾಗ. ಸಿರುಗುಪ್ಪ ದಂಡಿಗೆ ಹೊಸ ವರ್ಷ ಬಂದ ಮ್ಯಾಲೂ ಎದುರಿನ ಸಿಂಧನೂರು ಕಡೆ ತಿಂಗಳುಗಟ್ಟಲೆ ಹಳೇ ವರ್ಷ. ನಡುವ ಇದ್ದದ್ದು ಒಂದೇ ತುಂಗಭದ್ರಾ. ನಿಮ್ ಲೋಕದಾಗ ಗಡಿ ಎಲ್ಲಿ ಐತಿ, ಆ ಗಡಿಗೆ ಕ್ಯಾಲೆಂಡರ್ ಎಲ್ಲಿ ಬದಲಾಗತೈತಿ ಅನ್ನೋದನ್ನ ಮ್ಯಾಪಿನ ಮ್ಯಾಲೆ ಗೆರಿ ಎಳದು ತೋರಿಸ್ರಿ.

ವರ್ಷ ಎಣಿಸೋದು ಎಲ್ಲಿಂದ

ಮಸ್ಕಿ, ಕೊಪ್ಪಳದ ಗವಿಮಠ, ಈ ಕಡೆ ಇರೋ ಅಶೋಕನ ಶಾಸನದಾಗ ಶಕ ಇಲ್ಲ, ಸಂವತ್ಸರ ಇಲ್ಲ, ತಾನು ಬೌದ್ಧ ಉಪಾಸಕ ಆಗಿ ಎರಡೂವರಿ ವರ್ಷ ಮೀರಿತು ಅಂತ ಹೇಳ್ಕೊಳ್ತಾನ. ಒಬ್ಬ ಮನುಷ್ಯನ ಬಾಳಿನಿಂದಲೇ ಎಣಿಕಿ. ಆಮೇಲೆ 1076ರಾಗ ಆರನೇ ವಿಕ್ರಮಾದಿತ್ಯ ಪಟ್ಟಕ್ಕ ಬಂದು ತನ್ನ ಹೆಸರಿನ ಚಾಲುಕ್ಯ ವಿಕ್ರಮ ವರ್ಷನೇ ಶುರು ಮಾಡಿದ, ಇಟಗಿ ಮಹಾದೇವ ಗುಡಿ ಕಟ್ಟಿದ 1112 ಆ ಲೆಕ್ಕಕ್ಕ 37ನೇ ವರ್ಷ. ಇವತ್ತು ಪಂಚಾಂಗದಾಗ ಉಳದಿರೋದು ಕ್ರಿ.ಶ. 78ರ ಶಕ, ಚಾಲುಕ್ಯ ವಿಕ್ರಮ ವರ್ಷ ಕಲ್ಲಿನ ಮ್ಯಾಲೆ ಮಾತ್ರ. ಪ್ರಭವ ವಿಭವ ಅಂತ 60 ಸಂವತ್ಸರದ ಸುತ್ತಿನ್ಯಾಗ ಬ್ಯಾರೆ ತೊಡಕು, 1987ರಾಗ ಬಂದ ಪ್ರಭವ 2047ಕ್ಕ ಮತ್ತ ಬರ್ತೈತಿ, ಬರೀ ಸಂವತ್ಸರ ಬರದಿಟ್ಟ ಕಾಗದ ಯಾವ ಸುತ್ತಿಂದು ಅಂತ ಹೇಳಾಕ ಆಗೋದಿಲ್ಲ.

ಜನರ ಬಾಯಾಗ ಇರೋ ಎಣಿಕಿ ಮತ್ತ ಬ್ಯಾರೆ: ಬರ ಬಿದ್ದ ವರ್ಷ, ಡ್ಯಾಂ ಗೇಟ್ ಕೊಚ್ಚಿಹೋದ ವರ್ಷ. 2024ರ ಆಗಸ್ಟಿನ್ಯಾಗ ತುಂಗಭದ್ರಾ ಡ್ಯಾಮಿನ 19ನೇ ಗೇಟ್ ಹೋಗಿದ್ದನ್ನ ಈ ಕಡೆ ರೈತರು ಇನ್ನೂ ಬಹಳ ವರ್ಷ ತಾರೀಕಿನಂಗ ಬಳಸ್ತಾರ ನೋಡ್ತಿರ್ರಿ. ಎರೆಗೂ ಮೂರೂ ಕೊಡ್ರಿ: ಕಂಪನಿಗೆ ಹಡಗು ಇಳಿದ ವರ್ಷ ಒಂದು, ಊರಿಗೆ ಕಾಲುವೆಗೆ ಮೊದಲ ನೀರು ಬಂದ ಗಂಟು ಒಂದು, ಮುದುಕರಿಗೆ ದೊಡ್ಡ ಕುಸಿತ ಆದ ವರ್ಷ.

ಹೆಸರುಗಳು ಕೊನೆಗೆ ಇಡ್ರಿ

ತಿಂಗಳ ಹೆಸರು ಮೊದಲೇ ಇಟ್ರ ಅವು ಯಾವ ಕೆಲಸಕ್ಕೂ ಅಂಟೋದಿಲ್ಲ. ನಮ್ ರೈತರು ವರ್ಷನ ತಿಂಗಳಿಗಿಂತ ಮಳಿ ನಕ್ಷತ್ರದಾಗ ಓದ್ತಾರ, ಒಂದೊಂದು ಮಳಿ 13-14 ದಿನ, "ರೋಹಿಣಿ ಮಳಿ ಬಂದ್ರ ಓಣಿ ತುಂಬ ಜೋಳ" ಅಂದ್ರ ಅದರಾಗ ತಾರೀಕೂ ಐತಿ, ಬೆಳಿನೂ ಐತಿ, ಆಸೆನೂ ಐತಿ. ಎರೆಯ ಆರು ತಿಂಗಳಿಗೆ ನಾನು ಇಟ್ಟಿದ್ದು ಹೂಳು, ಸಸಿ, ನಾಟಿ, ತುಂಬು, ಕೊಯ್ಲು, ಒಣಗು. ಅಧಿಕಮಾಸಕ್ಕ ಬರೀ ಕಾಯೋದು ಅಂತ. ಆಮೇಲೆ ಒಂದೊಂದಕ್ಕ ಒಂದು ಗಾದಿ ಕಟ್ರಿ. "ತುಂಬಿಗೆ ಬಾರದ ನೀರು ತೂಬಿಗೆ ಬಂದ್ರೇನು" ಅಂತ ಒಂದು ಕಟ್ಟಿ ಇಟ್ಟೀನಿ, ಕಾಲುವೆ ಕೊನಿಭಾಗದ ರೈತರಿಗೆ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ.

ಗೋಡಿಗೆ ತೂಗಹಾಕೋ ಹಾಳಿ ಬರೀರಿ

ಇದನ್ನ ಬಿಡಬ್ಯಾಡ್ರಿ. ನಮ್ ಅಡಗಿಮನಿ ಗೋಡಿ ಕ್ಯಾಲೆಂಡರಿನ ಒಂದು ಚೌಕ ಹತ್ರ ಹೋಗಿ ನೋಡ್ರಿ: ನಡುವ ದೊಡ್ಡ ಅಂಕಿ, ಮೂಲ್ಯಾಗ ಸಣ್ಣ ಅಕ್ಷರದಾಗ ತಿಥಿ, ನಕ್ಷತ್ರ, ಕೆಳಗ ರಾಹುಕಾಲ, ಅದರ ಮ್ಯಾಲೆ ಪೆನ್ನಿಲೆ ಹಾಲಿನ ಅರ್ಧ ಲೀಟರ್ ಗೀಟು, ಸಿಲಿಂಡರ್ ಬಂದ ದಿನಕ್ಕ ಸೊನ್ನಿ ಸುತ್ತಿದ್ದು, ಸಂಘದ ಕಂತು ತುಂಬೋ ದಿನಕ್ಕ ಅಡ್ಡಗೆರಿ. ಆಕಾಶ, ಭಯ, ದುಡ್ಡು ಮೂರೂ ಎರಡು ಇಂಚಿನ್ಯಾಗ. ಎರೆಯ ಒಂದು ತಿಂಗಳ ಹಾಳಿ ಹಿಂಗೇ ಕೈಯಿಂದ ಬರೀರಿ, ಆರು ಸಾಲು ಮೂರು ಕಂಬ, ಬೇಕಂದ್ರ ಕೆಳಗ ಕೂಡಪಾಳಿಗೆ ಒಂದು ಒಂಟಿ ಚೌಕ, ಪ್ರತಿ ಚೌಕದಾಗ ನಾಕು ಪಾಳಿಯ ಗೆರಿ, ಯಾರ ನಿದ್ದಿ ಯಾವ ಗೆರ್ಯಾಗ. ನಿಮ್ ಪಾತ್ರ ಅದರ ಮ್ಯಾಲೆ ಏನು ಗೀಚತೈತಿ ಅಂತ ತುಂಬಿಸ್ರಿ.

ಪರೀಕ್ಷೆ

ಮೊದಲು ವಯಸ್ಸು. ವರ್ಷ 0.41 ಇದ್ದಾಗ ನಮ್ಮ 18 ಅಲ್ಲಿ 44, ನಮ್ಮ 60 ಅಲ್ಲಿ 146. "ಅವನಿಗೆ ನಲವತ್ನಾಕು, ಈಗಷ್ಟೇ ಮೀಸಿ ಬರಾಕತ್ಯಾವ" ಅಂತ ಬರೀಬೇಕಾಗತೈತಿ, ಇಲ್ಲಾ ಎರೆ ಜನ ವಯಸ್ಸನ್ನ ಗಂಟಿನ್ಯಾಗ ಹೇಳ್ತಾರ ಅಂತ ಮಾಡ್ರಿ: ನಾಕು ಗಂಟು ನಾಕು. ನಾನು ಎರಡನೇದನ್ನೇ ಒಪ್ಪತೀನಿ, ಓದೋರಿಗೆ ಭೂಮಿ ವಯಸ್ಸು ಅಡ್ಡ ಬರೋದಿಲ್ಲ.

ಆಮೇಲೆ ಮೂರು ಕಾಗದ ಬರೀರಿ: ಒಂದು ಪಗಾರ ಚೀಟಿ, ಒಂದು ಮದುವಿ ಕಾರ್ಡ್, ಒಂದು ಹೊಲದ ಗುತ್ತಿಗಿ ಪತ್ರ. ಮೊದಲಿನೆರಡು ಸುಲಭ, ಪಗಾರ ಕಂಪನಿ ಲೆಕ್ಕದಾಗ, ಮದುವಿ ಊರಿನ ಲೆಕ್ಕದಾಗ, ಕಾಯೋ ತಿಂಗಳಾಗ ಯಾರೂ ಅಕ್ಷತಿ ಹಾಕಂಗಿಲ್ಲ. ಮೂರನೇದು ನಿಮ್ ಕ್ಯಾಲೆಂಡರ್ ನಿಜವಾಗಲೂ ಕೆಲಸ ಮಾಡತೈತೋ ಇಲ್ಲೋ ಅಂತ ತೋರಿಸ್ತೈತಿ. ಗಂಟಿನ ಮೊದಲ ವರ್ಷ, ಒಂದು ವರ್ಷದ ಮಟ್ಟಿಗೆ ಗುತ್ತಿಗಿ ಅಂತ ಬರದು ಸಹಿ ಹಾಕ್ಯಾರ, ಯಾವ ವರ್ಷ ಅಂತ ಬರದಿಲ್ಲ. ಊರಿನ ವರ್ಷ ಆರು ತಿಂಗಳು, 18, 18, 19, 18, 19, 18, ಒಟ್ಟು 110 ದಿನ. ಕಂಪನಿ ವರ್ಷ 116. ಭೂಮಿಯಿಂದ ತಂದ ಭತ್ತ ನಮ್ಮ ಲೆಕ್ಕಕ್ಕ 145 ದಿನದ ಬೆಳಿ, ಅಂದ್ರ 112 ಎರೆ-ದಿನ. 110ನೇ ದಿನ ಮುಗೀತಿದ್ದಂಗ ಹೊಲದ ಒಡೆಯ ಬದುವಿನ ಮ್ಯಾಲೆ ಬಂದು ನಿಂತಾನ, ತೆನಿ ಬಾಗೈತಿ, ಕೊಯ್ಯಾಕ ಇನ್ನೂ ಎರಡು ದಿನ ಬೇಕು, ಹಚ್ಚಿದವ ಕಂಪನಿ ಕ್ಯಾಲೆಂಡರಿನ ಹಾಳಿ ಮಡಚಿ ಕಿಸೆದಾಗ ಇಟ್ಕೊಂಡಾನ. ಪಂಚಾಯ್ತಿ ಯಾರ ವರ್ಷನ ವರ್ಷ ಅಂತ ಒಪ್ಪತೈತಿ, ಅಲ್ಲಿಂದ ಮೊದಲ ಅಧ್ಯಾಯ ಶುರು ಮಾಡ್ರಿ.